ನನ್ನ ಹೆಸರಿನಲ್ಲಿ ಹೋದ ಕಾಗದಗಳು

ಸೆಪ್ಟೆಂಬರ್ 3, 1951, ಸೋಮವಾರ

ಎಡಗೈಯಲ್ಲಿ ಬರೆಯುತ್ತಿದ್ದೇನೆ. ಕೋಳಿ ಕೆದರಿದ ಹಾಗೆ ಕಾಣುತ್ತದೆ. ಒಳ್ಳೆಯದೇ ಆಯಿತು, ಬೇರೆಯವರು ಓದಲಾರರು. ಬ್ಯಾಂಕಿನ ಮೆಟ್ಟಿಲ ಮೇಲೆ ಜಾರಿ ಬಿದ್ದು ಬಲ ಮಣಿಕಟ್ಟು ಮುರಿದುಕೊಂಡು ಇಂದಿಗೆ ಹನ್ನೆರಡು ದಿನ. ಪ್ಲಾಸ್ಟರ್ ಒಳಗೆ ತುರಿಕೆ, ತಲೆಯೊಳಗೆ ಅರ್ಧಕ್ಕೆ ನಿಂತ ಕಾದಂಬರಿ.

ನನ್ನ ಪ್ರಕಾಶಕ ಹ್ಯಾದರ್ಲಿ ಲಂಡನ್ನಿನಿಂದ ಒಬ್ಬ ಟೈಪಿಸ್ಟನ್ನು ಕಳಿಸಿದ್ದಾನೆ. ನಾನು ಹೇಳಬೇಕಂತೆ, ಅವಳು ಟೈಪ್ ಮಾಡಬೇಕಂತೆ. ಇಪ್ಪತ್ತೆಂಟು ವರ್ಷದಲ್ಲಿ ನನಗೊಂದು ಹೂಗುಚ್ಛವನ್ನೂ ಕಳಿಸದ ಮನುಷ್ಯ ಈಗ ಒಬ್ಬ ಹೆಂಗಸನ್ನೇ ಕಳಿಸುತ್ತಾನೆಂದರೆ ಏನು ಅರ್ಥ? ಮುದುಕಿಯ ಬುದ್ಧಿ ಇನ್ನೂ ನೆಟ್ಟಗಿದೆಯೋ ಇಲ್ಲವೋ ನೋಡಿಕೊಂಡು ಬಾ ಎಂದು.

ಹೆಸರು ಮಿಸ್ ಎನಿಡ್ ಫಾರೋ. ನಲವತ್ತರ ಹತ್ತಿರ. ಕಂದು ಕೋಟು, ಎರಡು ಸಲ ಅಟ್ಟೆ ಕಟ್ಟಿಸಿದ ಬೂಟು. ಕೂರಲು ತನ್ನದೇ ದಿಂಬು ತಂದಿದ್ದಾಳೆ.

"ನನ್ನ ಪುಸ್ತಕ ಓದಿದ್ದೀಯಾ?" ಎಂದೆ.

"ಹದಿನೇಳು ಓದಿದೀನಿ, ಮೇಡಂ."

"ಹೇಗಿವೆ?"

ಸ್ವಲ್ಪ ಯೋಚಿಸಿ, "ಬೇಗ ಓದಿಸ್ಕೊಂಡು ಹೋಗ್ತವೆ" ಎಂದಳು.

ಹೊಗಳುವವರನ್ನು ನಂಬಬಾರದು ಎಂದು ನನಗೆ ಗೊತ್ತು. ಹೊಗಳದವರನ್ನು ಏನು ಮಾಡಬೇಕೋ ತಿಳಿಯುತ್ತಿಲ್ಲ.

ಕೆಲಸ ಹೇಳಿದೆ. ಬೆಳಗ್ಗೆ ಒಂಬತ್ತೂವರೆಯಿಂದ ಒಂದರವರೆಗೆ ಕಾದಂಬರಿ. ಓದುಗರ ಕಾಗದ ಬಂದರೆ ನೇರ ಅಡಿಗೆಮನೆಯ ಒಲೆಗೆ.

"ಓದದೇನಾ?"

"ಒಂದು ಓದಿದರೆ ಎಲ್ಲಾ ಓದಿದ ಹಾಗೆ. ಗಂಡ ಸರಿಯಿಲ್ಲ, ಸೊಂಟನೋವು, ನಿಮ್ಮ ಪುಸ್ತಕ ಓದಿ ಮೂರು ಕರವಸ್ತ್ರ ಒದ್ದೆಯಾಯ್ತು."

ಅವಳು ನಗಲಿಲ್ಲ.

ಸೆಪ್ಟೆಂಬರ್ 11

ಹದಿಮೂರನೆಯ ಅಧ್ಯಾಯ ಮುಗಿಯಿತು. ಗಿರಣಿಯವನ ಮಗಳು ಫೀಬಿ ಜಮೀನ್ದಾರನ ಮಗನನ್ನು ನಂಬಿ ಕೆಟ್ಟಳು. ಇಪ್ಪತ್ತೊಂದನೆಯದರಲ್ಲಿ ಗಿರಣಿಯ ಕೊಳಕ್ಕೆ ಬೀಳುತ್ತಾಳೆ. ಇದು ನನ್ನ ನಲವತ್ತೈದನೆಯ ಪುಸ್ತಕ. ಲೆಕ್ಕ ಹಾಕಿದರೆ ಈವರೆಗೆ ಹತ್ತೊಂಬತ್ತು ಹುಡುಗಿಯರನ್ನು ನೀರಿಗೆ ತಳ್ಳಿದ್ದೇನೆ, ಇಬ್ಬರನ್ನು ರೈಲಿಗೆ. ಬಟ್ಟೆ ಅಂಗಡಿಯ ಕೌಂಟರಿನ ಹಿಂದೆ ನಿಂತು ರಿಬ್ಬನ್ ಅಳೆಯುತ್ತಿದ್ದ ಹೆಸ್ಟರ್ ಪೆಂಗೆಲ್ಲಿಗೆ, ಎಂದರೆ ನನಗೆ, ಸಮುದ್ರಕ್ಕೆ ಮುಖ ಮಾಡಿದ ಈ ಮನೆ ಬಂದದ್ದು ಅವರ ಪುಣ್ಯದಿಂದ. ವಿಮರ್ಶಕರು ನನ್ನ ಹೆಸರು ಎತ್ತುವುದಿಲ್ಲ. ಆದರೆ ಬಾಡಿಗೆ ಪುಸ್ತಕದಂಗಡಿಗಳಲ್ಲಿ ನನ್ನ ಪುಸ್ತಕಗಳ ರಟ್ಟು ಕಿತ್ತುಬಂದಿರುತ್ತದೆ, ಅವರು ಹೊಗಳಿದವು ಹೊಸದಾಗಿಯೇ ಇರುತ್ತವೆ.

ಫೀಬಿಯ ಗತಿ ಹೇಳಿದಾಗ ಟೈಪಿನ ಸದ್ದು ನಿಂತಿತು.

"ಇವಳೂ ಸಾಯ್ಲೇಬೇಕಾ, ಮೇಡಂ?"

"ನಿನಗೆ ಕೊಟ್ಟಿರೋದು ಟೈಪ್ ಮಾಡೋ ಕೆಲಸ."

ಮತ್ತೆ ಸದ್ದು ಶುರುವಾಯಿತು, ಮೊದಲಿಗಿಂತ ಜೋರಾಗಿ. ಇಂಥ ಪ್ರಶ್ನೆ ಅವಳದ್ದಲ್ಲ, ಹ್ಯಾದರ್ಲಿಯದ್ದು. ಕೇಳಿಸಿದ್ದಾನೆ.

ಸೆಪ್ಟೆಂಬರ್ 20

ಇವತ್ತು ಅಂಚೆಯವ ಡಂಕ್ ಬಾಗಿಲಲ್ಲಿ ನಿಂತು ಹಲ್ಲು ಕಿರಿದ. "ಕೈ ಮುರಿದ ಮೇಲೇ ನಿಮ್ಮ ಕಾಗದ ಜಾಸ್ತಿ ಆಗಿವೆಯಲ್ಲಾ ಮೇಡಂ! ಹೋಗೋದೂ ರಾಶಿ, ಬರೋದೂ ರಾಶಿ. ನನ್ನ ಬೆನ್ನು ಮುರಿಸ್ತೀರಿ."

ನಾನು ಬರೆದದ್ದು ಒಂದೂ ಇಲ್ಲ.

ಮೇಜಿನ ಖಾನೆ ತೆರೆದು ನೋಡಿದೆ. ನನ್ನ ಹೆಸರು, ವಿಳಾಸ ಅಚ್ಚಾದ ನೀಲಿ ಕಾಗದ ಅರ್ಧಕ್ಕರ್ಧ ಕರಗಿದೆ.

ಸೆಪ್ಟೆಂಬರ್ 21

ಕೇಳಿದೆ. "ಯಾರಿಗೆ ಬರೀತಿದ್ದೀಯಾ?" ಅವಳ ಕಿವಿ ಕೆಂಪಾಯಿತು. "ಕೆಲವು ಕಾಗದ ಇತ್ತು" ಎಂದಳಷ್ಟೇ. ಸುಳ್ಳು ಹೇಳುವವರು ಕನಿಷ್ಠ ಒಬ್ಬ ಚಿಕ್ಕಮ್ಮನನ್ನಾದರೂ ಹುಟ್ಟಿಸುತ್ತಾರೆ. ಇವಳಿಗೆ ಅಷ್ಟೂ ಬರುವುದಿಲ್ಲ. ಅಥವಾ ಬಾರದವಳ ಹಾಗೆ ನಟಿಸುವಷ್ಟು ಪಳಗಿದ್ದಾಳೆ.

ಅಡಿಗೆಯ ಮಿಸೆಸ್ ಗಾಮನ್‌ಗೆ ಅವಳ ಮೇಲೆ ಕಣ್ಣಿಡಲು ಹೇಳಿದೆ. "ಪಾಪ, ಅವಳು ರೇಷನ್ನಿನ ತನ್ನ ಪಾಲಿನ ಸಕ್ಕರೇನೂ ನಿಮ್ಮ ಡಬ್ಬಿಗೇ ಹಾಕ್ತಾಳೆ, ಮೇಡಂ" ಎಂದಳು ಗಾಮನ್. ನೋಡಿ, ಆಗಲೇ ಇವಳನ್ನೂ ಒಲಿಸಿಕೊಂಡಾಗಿದೆ.

ಅಕ್ಟೋಬರ್ 2

ಅವಳ ಹಿಂದೆ ಹೋದೆ. ಅರವತ್ತೊಂದನೆಯ ವಯಸ್ಸಿನಲ್ಲಿ, ಕೈ ಜೋಳಿಗೆಯಲ್ಲಿ ತೂಗುಹಾಕಿಕೊಂಡು, ಮೀನಿನ ಅಂಗಡಿಯ ಮರೆಯಲ್ಲಿ ನಿಂತೆ. ಅವಳು ಅಂಚೆಪೆಟ್ಟಿಗೆಗೆ ಒಂದೊಂದಾಗಿ ಕಾಗದ ಹಾಕುತ್ತಿದ್ದಳು. ಏಳು ಎಣಿಸಿದೆ. ಅಷ್ಟರಲ್ಲಿ ಮೀನಿನವನು ಬೀದಿಗೆಲ್ಲ ಕೇಳುವಂತೆ, "ಮಿಸ್ ಪೆಂಗೆಲ್ಲೀ! ಅಡಗಿ ಯಾಕೆ ನಿಂತಿದ್ದೀರಿ? ಹೆರಿಂಗ್ ತಾಜಾ ಇದೆ, ಬನ್ನಿ!" ಎಂದ. ಎರಡು ಹೆರಿಂಗ್ ಕೊಳ್ಳಬೇಕಾಯಿತು. ನನಗೆ ಹೆರಿಂಗ್ ಆಗುವುದಿಲ್ಲ.

ಏಳು ಲಕೋಟೆ. ನನ್ನ ಅಧ್ಯಾಯಗಳನ್ನು ತುಂಡು ತುಂಡಾಗಿ ವಾರಪತ್ರಿಕೆಗಳಿಗೆ ಮಾರುತ್ತಿದ್ದಾಳೆ. ಮತ್ತೇನು?

ಅಕ್ಟೋಬರ್ 9

ಪ್ಲಾಸ್ಟರ್ ತೆಗೆದರು. ಕೈ ಬೇಯಿಸಿದ ಕೋಳಿಕಾಲಿನ ಹಾಗೆ ಬೆಳ್ಳಗಿದೆ, ಚಮಚ ಹಿಡಿಯಲೂ ತ್ರಾಣವಿಲ್ಲ. ಇನ್ನೂ ಒಂದೂವರೆ ತಿಂಗಳು ಅವಳಿಲ್ಲದೆ ಆಗದು.

ಕಳೆದ ವಾರ ಬೇಕೆಂದೇ ಒಂದು ಸುಳ್ಳು ಅಧ್ಯಾಯ ಹೇಳಿದ್ದೆ, ಫೀಬಿ ನಿಜಕ್ಕೂ ಶ್ರೀಮಂತನ ಮಗಳು ಎಂದು. ಈ ವಾರ ಯಾವ ಪತ್ರಿಕೆಯಲ್ಲೂ ಅದು ಬಂದಿಲ್ಲ. ಅವಳು ಮಾತ್ರ, "ಇದು ನಿಮಗೇ ಇಷ್ಟವಾದ ಹಾಗೆ ಕಾಣ್ಲಿಲ್ಲ" ಎಂದು ಆ ಹಾಳೆಗಳನ್ನು ಬೇರೆಯಾಗಿ ಎತ್ತಿಟ್ಟಿದ್ದಳು. ನಾನು ಒಡ್ಡಿದ ಬೋನನ್ನು ನನಗೇ ಜೋಪಾನವಾಗಿ ಮಡಚಿ ಕೊಡುವ ಕಳ್ಳಿಯನ್ನು ಹಿಡಿಯುವುದು ಹೇಗೆ?

ಅಕ್ಟೋಬರ್ 17

ಸಿಕ್ಕಿಬಿದ್ದಳು.

ಅವಳು ಹಲ್ಲಿನ ಡಾಕ್ಟರ ಹತ್ತಿರ ಹೋಗಿದ್ದಾಗ ನಾನು ಅವಳ ಕೋಣೆಗೆ ಹೋದೆ. ಮಂಚದಡಿ ಬಿಸ್ಕತ್ತಿನ ದೊಡ್ಡ ಡಬ್ಬಿ. ತೆರೆದರೆ ನನ್ನ ಕಾದಂಬರಿಯ ಒಂದು ಹಾಳೆಯೂ ಇಲ್ಲ. ನಾನು ಒಲೆಗೆ ಹಾಕು ಎಂದಿದ್ದ ಓದುಗರ ಕಾಗದಗಳು. ನೂರಹನ್ನೆರಡು. ಒಂದೊಂದಕ್ಕೂ ಗುಂಡುಸೂಜಿಯಿಂದ ಚುಚ್ಚಿಟ್ಟ ಉತ್ತರದ ಕಾರ್ಬನ್ ಪ್ರತಿ. ಪ್ರತಿ ಉತ್ತರದ ಕೆಳಗೂ ನನ್ನ ಹೆಸರು.

ಅವಳ ಮಂಚದ ಮೇಲೆಯೇ ಕುಳಿತು ಓದಿದೆ. ಏನೇನು ಮಾತು ಕೊಟ್ಟಿದ್ದಾಳೋ ತಿಳಿಯಬೇಕಲ್ಲ. ಕಣ್ಣು ಕಾಣದ ತಾಯಿಗೆ ನನ್ನ ಪುಸ್ತಕ ಓದಿಹೇಳುವ ಮಗ. ಒಬ್ಬಳೇ ಇರುವ, ಸಮುದ್ರದ ದೀಪಸ್ತಂಭ ಕಾಯುವವನ ಹೆಂಡತಿ. ಒಂದರಲ್ಲೂ ಸೊಂಟನೋವು ಇರಲಿಲ್ಲ. ಇಲ್ಲ, ಒಂದರಲ್ಲಿತ್ತು.

ನಾರ್ತಾಂಪ್ಟನ್ನಿನ ಬೂಟಿನ ಕಾರ್ಖಾನೆಯ ರೂಬಿ ಕಾಟ್ರೆಲ್ ಎಂಬವಳ ಕಾಗದ ಇಲ್ಲಿ ಇಳಿಸಿಕೊಳ್ಳುತ್ತೇನೆ, ನಾಳೆ ವಕೀಲರಿಗೆ ಬೇಕಾದೀತು: "ನನ್ನ ಮಗಳು ಪಾಲೀನ್‌ಗೆ ಹದಿನೆಂಟು. ಮದುವೆ ಇಲ್ಲದೆ ಬಸುರಾದಳು. ಮನೆ ಬಿಟ್ಟು ಹೋಗು ಅಂದೆ. ಈಗ ಲೆಸ್ಟರಿನ ಆಶ್ರಮದಲ್ಲಿ ಹೆತ್ತಿದ್ದಾಳೆ. ಆರು ವಾರ ಆದ ಮೇಲೆ ಮಗುವನ್ನು ಯಾರಿಗೋ ಕೊಡುತ್ತಾರಂತೆ. ನಿಮ್ಮ ಪುಸ್ತಕಗಳಲ್ಲಿ ಇಂಥ ಹುಡುಗಿಯರು ಸಾಯುತ್ತಾರೆ, ಆಮೇಲೆ ತಾಯಂದಿರು ಅಳುತ್ತಾರೆ. ಅವಳು ಸತ್ತಿಲ್ಲ. ನಾನೇನು ಮಾಡಲಿ?"

ನನ್ನ ಹೆಸರಿನ ಉತ್ತರ: "ಪ್ರಿಯ ಮಿಸೆಸ್ ಕಾಟ್ರೆಲ್, ಪುಸ್ತಕದಲ್ಲಿ ಅವರನ್ನು ಸಾಯಿಸುವುದು ಮುಂದೆ ಅವರನ್ನು ಏನು ಮಾಡಬೇಕೆಂದು ನನಗೆ ತಿಳಿಯದ್ದರಿಂದ. ನಿಮ್ಮ ಮಗಳು ಪುಸ್ತಕವಲ್ಲ. ಆರು ವಾರ ಮುಗಿಯುವ ಮೊದಲು ಹೋಗಿ ಇಬ್ಬರನ್ನೂ ಮನೆಗೆ ಕರೆತನ್ನಿ. ಅಕ್ಕಪಕ್ಕದವರು ಒಂದು ಚಳಿಗಾಲ ಮಾತಾಡುತ್ತಾರೆ, ಆಮೇಲೆ ಅವರಿಗೂ ಬೇರೆ ಸುದ್ದಿ ಸಿಗುತ್ತದೆ."

ಏನು ಮಾಡಬೇಕೆಂದು ನನಗೆ ತಿಳಿಯದ್ದರಿಂದ! ಮೂವತ್ತೆಂಟು ವರ್ಷ ಬರೆದವಳ ಬಾಯಲ್ಲಿ ಈ ಮಾತು ತುರುಕಿ, ಕೆಳಗೆ ಅವಳದೇ ಹೆಸರು!

ಅಕ್ಟೋಬರ್ 18

ತಿಂಡಿಯ ಮೇಜಿನ ಮೇಲೆ ಡಬ್ಬಿ ಇಟ್ಟೆ. ಅವಳು ಅದನ್ನು ನೋಡಿ ಚಹಾದ ಬಟ್ಟಲನ್ನು ಕೆಳಗಿಟ್ಟಳು.

"ಸುಡೋಕೇ ಹೋಗಿದ್ದೆ, ಮೇಡಂ. ಒಲೆ ಬಾಗಿಲು ತೆಗೆದು ಒಂದನ್ನ ಓದಿದೆ. ಆಮೇಲೆ ಕೈ ಬರ್ಲಿಲ್ಲ."

"ಅದಕ್ಕೆ ನನ್ನ ಹೆಸರು ಕದ್ದೆ."

"ಅವರು ನಿಮ್ಮನ್ನ ಕೇಳಿದ್ರು. ಎನಿಡ್ ಫಾರೋ ಯಾರು ಅಂತ ಅವರಿಗೇನು ಗೊತ್ತು?"

"ನನ್ನನ್ನೇ ಕೇಳಬಹುದಿತ್ತಲ್ಲ?"

"ಕೇಳಿದೆ. ಮೊದಲ ದಿನಾನೇ. ಓದದೇನಾ ಅಂದೆ."

"ಆ ಕಾಟ್ರೆಲ್ ಹೆಂಗಸು ನಿನ್ನ ಮಾತು ಕೇಳಿ ಮಗಳನ್ನು ಕರೆದುಕೊಂಡು ಬಂದು, ನಾಳೆ ಮನೆ ರಂಪವಾದರೆ ಯಾರ ಬಾಗಿಲಿಗೆ ಬರ್ತಾಳೆ?"

"ಅದನ್ನ ಯೋಚಿಸಿ ನನಗೂ ನಿದ್ದೆ ಬಂದಿಲ್ಲ" ಎಂದಳು, ಸಣ್ಣ ದನಿಯಲ್ಲಿ.

ಹೊರಡು ಎಂದೆ. ಹನ್ನೊಂದು ನಲವತ್ತರ ರೈಲಿಗೆ ಹೋದಳು. ತನ್ನ ದಿಂಬು ತೆಗೆದುಕೊಂಡಳು, ಡಬ್ಬಿ ಬಿಟ್ಟಳು. ಗಾಮನ್ ಮಧ್ಯಾಹ್ನದ ಊಟದ ತಟ್ಟೆಯನ್ನು ನನ್ನ ಮುಂದೆ ಕುಕ್ಕಿದಳು.

ಅಕ್ಟೋಬರ್ 20

ನಿಶ್ಶಬ್ದ. ಒಂದು ಸಾಲೂ ಬರೆದಿಲ್ಲ.

ಅಕ್ಟೋಬರ್ 29

ಕಾಗದಗಳು ಬರುತ್ತಲೇ ಇವೆ. ಉತ್ತರಕ್ಕೆ ಉತ್ತರ. ಒಲೆಗೆ ಹಾಕುವ ಮುನ್ನ ನೋಡುವುದು ಅನಿವಾರ್ಯ, ಅವಳು ಇನ್ನೇನು ಗಂಟು ಹಾಕಿಟ್ಟಿದ್ದಾಳೋ ತಿಳಿಯಬೇಕು. ದೀಪಸ್ತಂಭದವನ ಹೆಂಡತಿ ಹೆಣೆದ ಕೈಗವಸು ಕಳಿಸಿದ್ದಾಳೆ, "ಮುರಿದ ಕೈಗೆ ಚಳಿ ತಾಗದಿರಲಿ" ಎಂದು. ಪರೀಕ್ಷಿಸಲು ಹಾಕಿ ನೋಡಿದೆ. ಅಳತೆ ಸರಿಯಿದೆ.

ಇಂದು ಒಂಬತ್ತು ಓದಿದೆ. ಒಲೆಗೆ ಹಾಕುವುದು ನಾಳೆ ನೋಡೋಣ.

ನವೆಂಬರ್ 6

ನಾನು ಹೇಳಿರಲಿಲ್ಲವೇ! ರೂಬಿ ಕಾಟ್ರೆಲ್ ಬರುತ್ತಿದ್ದಾಳೆ. ಶನಿವಾರ ಒಂದು ಗಂಟೆಗೆ, ಮಗಳನ್ನೂ ಮಗುವನ್ನೂ ಕಟ್ಟಿಕೊಂಡು. "ಕಣ್ಣಾರೆ ನೋಡಿ ಒಂದು ಮಾತು ಹೇಳಬೇಕು" ಎಂದಷ್ಟೇ ಬರೆದಿದ್ದಾಳೆ. ಕೃತಜ್ಞತೆ ಹೇಳುವವರು ಮೂರು ರೈಲು ಬದಲಾಯಿಸಿ ಬರುತ್ತಾರೆಯೇ? ಮಗುವನ್ನು ನನ್ನ ಜಗುಲಿಯ ಮೇಲಿಟ್ಟು, "ನೀನು ಹೇಳಿದೆ, ನೀನೇ ಸಾಕು" ಎನ್ನಲು ಬರುತ್ತಿದ್ದಾಳೆ. ನಾನಾಗಿದ್ದರೆ ಈ ಅಧ್ಯಾಯವನ್ನು ಹಾಗೆಯೇ ಬರೆಯುತ್ತಿದ್ದೆ.

ನಿರ್ಧರಿಸಿದ್ದೇನೆ. ಗಾಮನ್‌ಳನ್ನು ಸಾಕ್ಷಿಯಾಗಿ ನಿಲ್ಲಿಸಿಕೊಂಡು, ಬಾಗಿಲಲ್ಲೇ ನಿಜ ಹೇಳಿಬಿಡುತ್ತೇನೆ. ಕಾಗದ ನನ್ನದಲ್ಲ, ಬರೆದವಳನ್ನು ಓಡಿಸಿದ್ದೇನೆ.

ನವೆಂಬರ್ 10, ಶನಿವಾರ

ಬಂದು ಹೋದರು. ಕೈ ನೋಯುತ್ತಿದೆ, ಆದರೂ ಎಲ್ಲವನ್ನೂ ಬರೆದಿಡಬೇಕು.

ರೂಬಿ ಕಾಟ್ರೆಲ್ ಗಿಡ್ಡ, ದಪ್ಪ, ಹಬ್ಬದ ಟೋಪಿ. ಚರ್ಮ ಹೊಲಿದು ಹೊಲಿದು ಹೆಬ್ಬೆರಳು ಒರಟು. ಬಾಗಿಲು ತೆಗೆದ ಕೂಡಲೇ ಕೇಕಿನ ಡಬ್ಬಿಯನ್ನು ನನ್ನ ಎದೆಗೆ ಒತ್ತಿದಳು. "ಮೂರು ಮನೆ ಸಕ್ಕರೆ ಕೂಡಿಸಿ ಮಾಡಿದ್ದು ಕಣಮ್ಮಾ. ಬೇಡ ಅನ್ಬೇಡಿ." ಬಾಗಿಲಲ್ಲಿ ಹೇಳಬೇಕೆಂದುಕೊಂಡದ್ದು ಅಲ್ಲೇ ನಿಂತುಹೋಯಿತು. ಡಬ್ಬಿ ಹಿಡಿದುಕೊಂಡು ಅದನ್ನೆಲ್ಲ ಹೇಳುವುದು ಹೇಗೆ?

ಮಗಳು ಪಾಲೀನ್ ಎತ್ತರದ ಹುಡುಗಿ, ಮುಖ ಗಂಟು. ಮಗುವನ್ನು ಶಾಲಿನಲ್ಲಿ ಬಿಗಿಯಾಗಿ ಸುತ್ತಿಕೊಂಡು, ಕುರ್ಚಿಯ ಅಂಚಿನಲ್ಲಿ ಕುಳಿತು ನನ್ನನ್ನೇ ನೋಡುತ್ತಿದ್ದಳು. ಆ ನೋಟ ನನಗೆ ಚೆನ್ನಾಗಿ ಗೊತ್ತು. ಯಾರನ್ನೂ ನಂಬದವರ ನೋಟ ಅದು.

ರೂಬಿ ಒಂದೇ ಉಸಿರಿಗೆ ಹೇಳಿದಳು. ಕಾಗದ ಬಂದ ದಿನವೇ ಕಾರ್ಖಾನೆಗೆ ರಜೆ ಹಾಕಿ ಲೆಸ್ಟರಿಗೆ ಹೋದದ್ದು, ಆಶ್ರಮದ ಮೇಟ್ರನ್ ಬಾಗಿಲಿಗೆ ಅಡ್ಡ ನಿಂತದ್ದು, "ನನ್ನ ಮೊಮ್ಮಗ ಅವನು, ಬೆಕ್ಕಿನ ಮರಿಯಲ್ಲ, ಹಂಚೋದಕ್ಕೆ" ಎಂದು ಇವಳು ಕೂಗಾಡಿದ್ದು. ಗಾಮನ್ ಸಾಕ್ಷಿ ನಿಲ್ಲುವುದನ್ನು ಬಿಟ್ಟು ಅಡಿಗೆಯ ಏಪ್ರನ್ನಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದಳು.

ಆಗ ಪಾಲೀನ್ ಬಾಯಿ ಬಿಟ್ಟಳು. "ಆ ಕಾಗದ ನೀವೇ ಬರೆದಿದ್ದಾ?"

"ಏಯ್, ಪಾಲೀನ್!" ಎಂದಳು ತಾಯಿ.

"ಕೇಳ್ತೀನಮ್ಮ, ತಡಿ. ಅಪ್ಪ ಅಂತಾರೆ ಅದನ್ನ ಯಾವಳೋ ಟೈಪಿಸ್ಟ್ ಹೊಡೆದು ಕಳಿಸಿರ್ತಾಳೆ, ಎಲ್ಲರಿಗೂ ಒಂದೇ ಥರ, ನಿನ್ನಮ್ಮ ಅದನ್ನ ನಂಬಿ ಕುಣೀತಾಳೆ ಅಂತ. ದಿನಾ ಅಂತಾರೆ. ಹೌದೋ ಅಲ್ವೋ ಹೇಳಿ. ಅಲ್ಲ ಅಂದ್ರೆ ಅದನ್ನೂ ತಡ್ಕೋತೀನಿ."

ಸತ್ಯ ಹೇಳಲು ಇದಕ್ಕಿಂತ ಒಳ್ಳೆಯ ಸಮಯ ಬೇಕಿರಲಿಲ್ಲ. ರೂಬಿ ಟೋಪಿಯ ಅಂಚನ್ನು ಬೆರಳಲ್ಲಿ ತಿರುವುತ್ತಿದ್ದಳು.

"ನಾನೇ ಬರೆದದ್ದು" ಎಂದೆ. "ಕೈ ಮುರಿದಿತ್ತು. ಟೈಪ್ ಮಾತ್ರ ಇನ್ನೊಬ್ಬರು ಮಾಡಿದರು."

"ಪ್ರತಿ ಮಾತೂ?"

"ಪ್ರತಿ ಮಾತೂ."

"ಹಂಗಾದ್ರೆ ನಿಮ್ಮ ಪುಸ್ತಕದಲ್ಲಿ ಯಾಕೆ ನಮ್ಮನ್ನೆಲ್ಲಾ ಮುಳುಗಿಸ್ತೀರಿ?"

ಗಾಮನ್ ಕೆಮ್ಮಿದಳು. ನಾನು ಏನಾದರೊಂದು ಹೇಳಬೇಕಿತ್ತು. "ಅದು ಸುಲಭ" ಎಂದೆ. "ಬದುಕಿದವಳಿಗೆ ಕೋಣೆ ಬೇಕು, ಹಾಲು ಬೇಕು, ಕೆಲಸ ಬೇಕು. ಬೀದಿಯಲ್ಲಿ ತಲೆಯೆತ್ತಿ ನಡೆಯೋದು ಕಲಿಸಬೇಕು. ಅದೆಲ್ಲ ಬರೀಬೇಕಲ್ಲ. ಸತ್ತವಳಿಗೆ ಒಂದು ಪುಟ ಸಾಕು."

ಹುಡುಗಿ ನಗಲಿಲ್ಲ, ಆದರೆ ಕುರ್ಚಿಯಲ್ಲಿ ಸ್ವಲ್ಪ ಹಿಂದಕ್ಕೆ ಒರಗಿದಳು. ಆಮೇಲೆ ಕೇಕು ಕೇಳಿದಳು.

ಸ್ಟೇಷನ್ನಿಗೆ ಹೋಗುವ ನಾಲ್ಕರ ಬಸ್ಸಿಗೆ ಬಿಡಲು ಹೋದೆ. ರೂಬಿ ಮುಂದೆ ಮುಂದೆ ಮಗುವಿಗೆ ಸಮುದ್ರ ತೋರಿಸುತ್ತಾ ಹೋಗುತ್ತಿದ್ದಳು. ಪಾಲೀನ್ ನನ್ನ ಪಕ್ಕ ನಡೆಯುತ್ತಾ, ನೆಲ ನೋಡಿಕೊಂಡು, "ಅಮ್ಮಂಗೆ ಹೇಳ್ಬೇಡಿ" ಎಂದಳು. "ಮಾರ್ಚಿನಲ್ಲಿ, ಮನೆಯಿಂದ ಹೊರಗೆ ಹಾಕಿದ ಮೇಲೆ, ನಾನು ಕಾಲುವೆಗೆ ಇಳಿದಿದ್ದೆ. ನಿಮ್ಮ ಪುಸ್ತಕದಲ್ಲಿ ಹೇಗೆ ಮಾಡ್ತಾರೋ ಹಾಗೇ, ಶಾಲು ಮಡಚಿ ದಂಡೆ ಮೇಲಿಟ್ಟು. ಮೊಣಕಾಲ ತನಕ ಹೋದೆ. ನೀರು ಎಷ್ಟು ತಣ್ಣಗಿತ್ತು ಅಂದ್ರೆ ಕೆಟ್ಟ ಬೈಗುಳ ಬಂತು ಬಾಯಿಗೆ. ನೀವು ಅದನ್ನ ಯಾವತ್ತೂ ಬರೆದಿಲ್ಲ. ನೀರು ತಣ್ಣಗಿರುತ್ತೆ ಅಂತ."

ಬಸ್ಸು ಬಂತು. ಅವಳು ಕೈ ಬೀಸಲಿಲ್ಲ, ಮಗುವಿನ ಕೈ ಹಿಡಿದು ಬೀಸಿಸಿದಳು.

ಇಷ್ಟು ವರ್ಷ ನಾನು ಎಲ್ಲರ ಮೇಲೂ ಕಣ್ಣಿಟ್ಟೆ. ಟೈಪಿಸ್ಟ್, ಪ್ರಕಾಶಕ, ಸಕ್ಕರೆ ಡಬ್ಬಿ. ಇವತ್ತು ಇನ್ನು ಬರೆಯಲಾರೆ.

ನವೆಂಬರ್ 13

ಇಪ್ಪತ್ತೊಂದನೆಯ ಅಧ್ಯಾಯ ನನ್ನ ಕೈಯಲ್ಲೇ ಬರೆದೆ. ಫೀಬಿ ಮೊಣಕಾಲ ತನಕ ಹೋಗಿ, ಬೈದು, ಮೇಲೆ ಬಂದಳು. ಇನ್ನು ಇವಳಿಗೆ ಹಾಲು ಯಾರು ತರುತ್ತಾರೋ ತಿಳಿಯದು.

ಎನಿಡ್‌ಗೆ ಮೂರು ಸಾಲು ಬರೆದು ಹಾಕಿದೆ. ಅವಳ ಗುಟ್ಟು ನನಗೆ ಹೊಳೆದಿದೆ. ಅಂಥ ಉತ್ತರ ಬರೆಯಬೇಕಾದರೆ ಅವಳದ್ದೂ ಒಂದು ಮಗು ಎಲ್ಲೋ ಕೈಬಿಟ್ಟು ಹೋಗಿರಬೇಕು. ನನ್ನಿಂದ ಏನೂ ಮುಚ್ಚಿಡಬೇಕಾಗಿಲ್ಲ ಎಂದು ಸೂಕ್ಷ್ಮವಾಗಿ ತಿಳಿಸಿದ್ದೇನೆ.

ನವೆಂಬರ್ 21

ಎನಿಡ್‌ಳ ಉತ್ತರ: "ಕ್ಷಮಿಸಿ ಮೇಡಂ, ಮುಚ್ಚಿಡಲು ಏನೂ ಇಲ್ಲ. ನನ್ನ ತಂದೆ ಕ್ರಾಯ್ಡನ್ನಿನಲ್ಲಿ ಕೊಡೆ ರಿಪೇರಿ ಮಾಡುತ್ತಿದ್ದರು. ನನ್ನ ಬದುಕಿನಲ್ಲಿ ಏನೂ ನಡೆದಿಲ್ಲ. ಆ ಕಾಗದ ಓದಿದೆ, ಅಷ್ಟೇ." ಸೋಮವಾರ ಬರುತ್ತಾಳಂತೆ.

ಅಷ್ಟೇ ಎಂದರೆ ನಂಬುವುದು ಕಷ್ಟ. ನಂಬಿದ್ದೇನೆ ಅನ್ನಿಸುತ್ತದೆ.

ಹ್ಯಾದರ್ಲಿ ಫೋನ್ ಮಾಡಿ ಗೋಳಾಡಿದ. "ಫೀಬಿ ಬದುಕ್ತಾಳಾ? ಹೆಸ್ಟರ್, ಓದುಗರಿಗೆ ಕಣ್ಣೀರು ಬೇಕು! ನಿನ್ನ ಪುಸ್ತಕ ಕೊಳ್ಳೋದೇ ಅದಕ್ಕೆ."

"ಓದುಗರಲ್ಲಿ ಎಷ್ಟು ಜನ ನಿನಗೆ ಗೊತ್ತು, ಲಯೊನೆಲ್?"

"ಲಕ್ಷಾಂತರ."

"ಹೆಸರು ಹೇಳು."

ಈ ಸಲ ಪ್ರತಿಗಳನ್ನು ಅರ್ಧಕ್ಕಿಳಿಸುತ್ತೇನೆ ಎಂದು ಹೇಳಿ ಫೋನ್ ಇಟ್ಟ. ಇಳಿಸಲಿ.

ನವೆಂಬರ್ 26

ಸ್ಟೇಷನ್ನಿಗೆ ಹೋಗಿದ್ದೆ. ಎನಿಡ್ ದಿಂಬನ್ನು ಕಂಕುಳಲ್ಲಿ ಇರಿಸಿಕೊಂಡು ಇಳಿದಳು.

"ಮಿಸೆಸ್ ಕಾಟ್ರೆಲ್‌ಗೆ ಹೇಳಿದ್ರಾ, ಬರೆದವಳು ಯಾರು ಅಂತ?"

"ನಾನು ಅಂದೆ."

ಅವಳು ನಡೆಯುವುದನ್ನು ನಿಲ್ಲಿಸಿದಳು. "ಅದು ಸುಳ್ಳು, ಮೇಡಂ."

"ಹೌದು."

"ಹಾಗಾದ್ರೆ ಇನ್ಮೇಲೆ ನೀವೇ ಬರೀಬೇಕು. ನಾನು ಟೈಪ್ ಮಾಡ್ತೀನಿ, ಅಷ್ಟೇ. ಇನ್ನೊಬ್ಬರ ಹೆಸರಲ್ಲಿ ಮಾತು ಕೊಡೋದು ನನ್ನ ಕೈಲಿ ಆಗಲ್ಲ. ಆ ಹುಡುಗಿ ಗತಿ ಏನಾಯ್ತೋ ಅಂತ ಕ್ರಾಯ್ಡನ್ನಿನಲ್ಲಿ ದಿನಾ ಸತ್ತಿದೀನಿ."

ಮಧ್ಯಾಹ್ನ ಕುಳಿತೆವು. ಮೊದಲ ಕಾಗದ ಹಲ್ ಊರಿನ ಒಬ್ಬ ಬಸ್ ಚಾಲಕನದ್ದು. ಹೆಂಡತಿ ತೀರಿಕೊಂಡು ಎಂಟು ತಿಂಗಳು. ಅವಳು ಅರ್ಧ ಓದಿಟ್ಟ ನನ್ನ ಪುಸ್ತಕ ಹಾಗೆಯೇ ಇದೆ, ಗುರುತಿಗಿಟ್ಟ ಬಸ್ ಟಿಕೆಟ್ ಸಮೇತ. ಉಳಿದದ್ದನ್ನು ತಾನು ಓದಿ ಮುಗಿಸಲೇ, ಅಥವಾ ಟಿಕೆಟ್ ಅಲ್ಲೇ ಇರಲಿ ಎಂದು ಬಿಟ್ಟುಬಿಡಲೇ ಎಂದು ಕೇಳಿದ್ದಾನೆ.

ನಾನು ಹೇಳಲು ಶುರು ಮಾಡಿದೆ. ಕಾಲ ಎಲ್ಲಾ ಗಾಯವನ್ನೂ ಮಾಯಿಸುತ್ತದೆ ಎಂದು, ಇನ್ನೂ ಏನೇನೋ. ಟೈಪಿನ ಸದ್ದು ಬರಲಿಲ್ಲ. ಬೇರೆ ರೀತಿ ಹೇಳಿದೆ. ಆಗಲೂ ಇಲ್ಲ. ಚಹಾ ಆರಿಹೋಯಿತು. ಕೊನೆಗೆ ಸಿಟ್ಟು ಬಂದು, "ನನಗೇನು ಗೊತ್ತು? ನನಗೆ ಮದುವೆಯೇ ಆಗಿಲ್ಲ. ಇಂಥದ್ದಕ್ಕೆ ಏನು ಹೇಳಬೇಕೋ ನನಗೆ ಗೊತ್ತಿಲ್ಲ!" ಎಂದೆ.

"ಹಾಗೇ ಹೇಳಿ" ಎಂದಳು ಎನಿಡ್, ಕಾಗದ ಯಂತ್ರಕ್ಕೆ ಏರಿಸುತ್ತಾ.

ಹಾಗೇ ಹೇಳಿದೆ. ಗೊತ್ತಿಲ್ಲ, ಆದರೆ ಆ ಟಿಕೆಟ್ ಯಾವ ಪುಟದಲ್ಲಿದೆ ಎಂದು ತಿಳಿಸಿ, ಆಕೆ ಎಲ್ಲಿಯವರೆಗೆ ಬಂದಿದ್ದರು ಎಂದು ನನಗೂ ತಿಳಿಯಬೇಕಿದೆ ಎಂದು. ಸಹಿ ಮಾಡಿದೆ. ಬಲಗೈಯಲ್ಲಿ. ವಕ್ರವಾಗಿ ಬಂತು, ಆದರೂ ಓದಬಹುದು.